ಯಾವುದು ನಮ್ಮ ದೇಶ? ಓದುಗರ ಪತ್ರಗಳಿಗೆ ಉತ್ತರ

ಈಚೆಗೆ ಬಂದ ಪತ್ರಗಳಲ್ಲಿ ಐದು ಪತ್ರಗಳು ಬೇರೆ ಬೇರೆ ಮಾತುಗಳಲ್ಲಿ ಒಂದೇ ಸಂಗತಿಯನ್ನು ಕೇಳಿವೆ: ಒಬ್ಬ ವ್ಯಕ್ತಿ ಇಂಥ ರಾಷ್ಟ್ರಕ್ಕೆ ಸೇರಿದವನು ಎಂದು ನಿರ್ಧರಿಸುವವರು ಯಾರು, ಆ ನಿರ್ಧಾರದಲ್ಲಿ ಅವನ ಮನಸ್ಸಿಗೆ ಎಷ್ಟು ಪಾಲು? ಆದ್ದರಿಂದ ಈ ಸಂಚಿಕೆಯ ಅಂಕಣವನ್ನು ಪೂರ್ತಿಯಾಗಿ ಆ ವಿಷಯಕ್ಕೇ ಮೀಸಲಿಟ್ಟಿದ್ದೇನೆ. ಪತ್ರ ಬರೆದವರ ಕೋರಿಕೆಯಂತೆ ಅವರ ಹೆಸರುಗಳನ್ನು ಪ್ರಕಟಿಸಿಲ್ಲ.

ಪ್ರಶ್ನೆ: ನಾನು ಒಂದು ದೇಶದಲ್ಲಿ ಹುಟ್ಟಿದೆ. ಐದನೆಯ ವಯಸ್ಸಿನಲ್ಲಿ ತಂದೆಯವರ ಉದ್ಯೋಗದ ನಿಮಿತ್ತ ಇನ್ನೊಂದು ದೇಶಕ್ಕೆ ಹೋಗಿ ಅಲ್ಲಿಯೇ ಓದಿದೆ. ಈಗ ಮೂರನೆಯ ದೇಶವೊಂದರಲ್ಲಿ ಕೆಲಸ ಮಾಡುತ್ತಿದ್ದೇನೆ. ಎಲ್ಲಿ ಹೋದರೂ ‘ನೀವು ಮೂಲತಃ ಎಲ್ಲಿಯವರು?’ ಎಂದು ಕೇಳುತ್ತಾರೆ. ಹುಟ್ಟಿದ ದೇಶಕ್ಕೆ ಹೋದರೆ ನನ್ನ ಉಚ್ಚಾರಣೆಯನ್ನು ಕೇಳಿ ಅಲ್ಲಿಯವರೂ ಅದನ್ನೇ ಕೇಳುತ್ತಾರೆ. ನಾನು ಯಾವ ದೇಶದವನು?

ಉತ್ತರ: ನಿಮ್ಮ ಪತ್ರವನ್ನು ಓದಿದಾಗ ನನಗೆ ನೆನಪಾದದ್ದು ಅಂತರರಾಷ್ಟ್ರೀಯ ನ್ಯಾಯಾಲಯದ ಮುಂದೆ ಬಂದ ಒಂದು ಮೊಕದ್ದಮೆ. ಫ್ರೀಡ್ರಿಕ್ ನೊಟ್ಟೆಬೋಮ್ ಎಂಬವರು 1881ರಲ್ಲಿ ಜರ್ಮನಿಯ ಹ್ಯಾಂಬರ್ಗ್‌ನಲ್ಲಿ ಹುಟ್ಟಿ, 1905ರಲ್ಲಿ ಮಧ್ಯ ಅಮೆರಿಕದ ಗ್ವಾಟೆಮಾಲಕ್ಕೆ ಹೋಗಿ, ವ್ಯಾಪಾರ ಮತ್ತು ತೋಟಗಳನ್ನು ನಡೆಸುತ್ತಾ ಮೂರು ದಶಕಗಳಿಗೂ ಹೆಚ್ಚು ಕಾಲ ಅಲ್ಲಿ ಬಾಳಿದವರು. ಆದರೆ ಅಲ್ಲಿಯ ಪೌರತ್ವವನ್ನು ಅವರು ಪಡೆದಿರಲಿಲ್ಲ. 1939ರಲ್ಲಿ, ಎರಡನೆಯ ಮಹಾಯುದ್ಧ ಆರಂಭವಾದ ಕೆಲವೇ ವಾರಗಳಲ್ಲಿ, ಅವರು ಯುರೋಪಿನ ಪುಟ್ಟ ದೇಶವಾದ ಲಿಕ್ಟೆನ್‌ಸ್ಟೈನ್‌ನ ಪೌರತ್ವವನ್ನು ಪಡೆದರು. ಆದರೂ 1943ರಲ್ಲಿ ಗ್ವಾಟೆಮಾಲ ಅವರನ್ನು ಶತ್ರುದೇಶದವರೆಂದು ಬಂಧಿಸಿ ಅಮೆರಿಕದ ವಶಕ್ಕೆ ಒಪ್ಪಿಸಿತು. ಅವರ ಆಸ್ತಿಯೂ ಕೈತಪ್ಪಿತು. ಬಿಡುಗಡೆಯಾದ ಮೇಲೆ ಅವರ ಪರವಾಗಿ ಲಿಕ್ಟೆನ್‌ಸ್ಟೈನ್ ದಾವೆ ಹೂಡಿತು. 1955ರ ಏಪ್ರಿಲ್ 6ರಂದು ತೀರ್ಪು ಕೊಟ್ಟ ನ್ಯಾಯಾಲಯವು, ರಾಷ್ಟ್ರೀಯತೆಯೆಂಬುದು ಒಂದು ಕಾನೂನಿನ ಬಂಧವೇ ಆದರೂ ಅದರ ತಳದಲ್ಲಿ ಬದುಕಿನ, ಹಿತಾಸಕ್ತಿಗಳ ಮತ್ತು ಭಾವನೆಗಳ ನಿಜವಾದ ನಂಟು ಇರಬೇಕೆಂದು ಹೇಳಿತು. ನೊಟ್ಟೆಬೋಮ್ ಅವರ ನಂಟು ಇದ್ದದ್ದು ಗ್ವಾಟೆಮಾಲದೊಂದಿಗೆ, ಲಿಕ್ಟೆನ್‌ಸ್ಟೈನ್‌ನೊಂದಿಗಿನ ನಂಟು ತೀರಾ ತೆಳುವಾದದ್ದು, ಆದ್ದರಿಂದ ಗ್ವಾಟೆಮಾಲ ಆ ಪೌರತ್ವವನ್ನು ಮಾನ್ಯ ಮಾಡಬೇಕಾಗಿಲ್ಲ ಎಂಬುದು ಬಹುಮತದ ನಿಲುವು.

ಈ ತೀರ್ಪಿನ ವ್ಯಾಖ್ಯೆ ನನಗೆ ಬಹಳ ಇಷ್ಟ. ಅದನ್ನು ಬಳಸಿದ ರೀತಿ ಇಂದಿಗೂ ಮನಸ್ಸನ್ನು ಕಾಡುತ್ತದೆ. ಯಾವ ನೆಲದೊಂದಿಗೆ ಆ ಮನುಷ್ಯನ ಬದುಕು ಬೆರೆತಿತ್ತೋ ಆ ನೆಲವೇ ಅವರನ್ನು ಪರಕೀಯರೆಂದು ಹೊರಗಟ್ಟಿತ್ತು. ಅವರನ್ನು ತನ್ನವರೆಂದು ಒಪ್ಪಿದ್ದ ದೇಶದಲ್ಲಿ ಅವರು ಅದುವರೆಗೆ ಬಾಳಿರಲಿಲ್ಲ. ನಂಟು ಒಂದು ಕಡೆ, ಮಾನ್ಯತೆ ಇನ್ನೊಂದು ಕಡೆ ಉಳಿದು, ನಡುವೆ ನಿಂತ ವ್ಯಕ್ತಿಗೆ ಯಾವ ರಕ್ಷಣೆಯೂ ಸಿಗಲಿಲ್ಲ.

ಇದನ್ನು ಇಷ್ಟು ವಿವರವಾಗಿ ಬರೆಯಲು ಕಾರಣವಿದೆ. ‘ನಾನು ಯಾವ ದೇಶದವನು?’ ಎಂಬ ನಿಮ್ಮ ಒಂದು ಪ್ರಶ್ನೆಯಲ್ಲಿ ಮೂರು ಪ್ರಶ್ನೆಗಳು ಹೆಣೆದುಕೊಂಡಿವೆ. ನನ್ನನ್ನು ಯಾವ ಸರ್ಕಾರ ತನ್ನ ಪ್ರಜೆಯೆಂದು ಒಪ್ಪಿದೆ ಎಂಬುದಕ್ಕೆ ಕಾನೂನು ಉತ್ತರಿಸುತ್ತದೆ. ನನ್ನನ್ನು ಯಾರು ‘ನಮ್ಮವನು’ ಎನ್ನುತ್ತಾರೆ ಎಂಬುದಕ್ಕೆ ಸುತ್ತಲಿನ ಜನ ಉತ್ತರಿಸುತ್ತಾರೆ. ನಾನು ಯಾರನ್ನು, ಯಾವುದನ್ನು ನನ್ನದೆಂದುಕೊಂಡಿದ್ದೇನೆ ಎಂಬುದಕ್ಕೆ ನೀವೇ ಉತ್ತರಿಸಬೇಕು. ಹುಟ್ಟಿದ ಕಡೆಯೇ ಬೆಳೆದು ಬಾಳುವವರಿಗೆ ಈ ಮೂರೂ ಉತ್ತರಗಳು ಸಾಮಾನ್ಯವಾಗಿ ಒಂದೇ ಆಗಿರುವುದರಿಂದ, ಅವು ಮೂರು ಬೇರೆ ಬೇರೆ ಸಂಗತಿಗಳೆಂಬುದು ಅವರ ಗಮನಕ್ಕೇ ಬರುವುದಿಲ್ಲ. ನಿಮ್ಮಂಥವರಿಗೆ ಉತ್ತರಗಳು ಬೇರೆಬೇರೆಯಾಗುತ್ತವೆ, ಮತ್ತು ಅದನ್ನು ನೀವು ನಿಮ್ಮ ಕೊರತೆಯೆಂದು ಭಾವಿಸಿಕೊಂಡಿದ್ದೀರಿ. ಅದು ಕೊರತೆಯೆಂದು ನಾನು ಒಪ್ಪುವುದಿಲ್ಲ.

ನಿಮ್ಮ ಅನುಭವ ಹೊಸದೂ ಅಲ್ಲ. ಪರದೇಶದಲ್ಲಿ ನೆಲೆಸಿದ ಕುಟುಂಬಗಳನ್ನು 1950ರ ದಶಕದಲ್ಲಿ ಅಧ್ಯಯನ ಮಾಡಿದ ಅಮೆರಿಕದ ಸಮಾಜಶಾಸ್ತ್ರಜ್ಞೆ ರೂತ್ ಹಿಲ್ ಯೂಸೀಮ್ ಅವರು, ತಂದೆತಾಯಿಯರ ಸಂಸ್ಕೃತಿಗೂ ನೆಲೆಸಿದ ದೇಶದ ಸಂಸ್ಕೃತಿಗೂ ಪೂರ್ತಿಯಾಗಿ ಸೇರದೆ, ಎರಡರ ನಡುವೆ ರೂಪುಗೊಂಡ ಬದುಕಿನ ರೀತಿಯೊಂದರಲ್ಲಿ ಬೆಳೆಯುವ ಇಂಥ ಮಕ್ಕಳನ್ನು ‘ಮೂರನೆಯ ಸಂಸ್ಕೃತಿಯ ಮಕ್ಕಳು’ ಎಂದು ಕರೆದರು. ಇಂಥವರು ತಮ್ಮಂತೆಯೇ ಅಲೆದು ಬೆಳೆದವರ ನಡುವೆ ಹೆಚ್ಚು ನಿರಾಳವಾಗಿರುವುದನ್ನು ನೀವೂ ಕಂಡಿರಬಹುದು.

ಹುಟ್ಟಿದ ದೇಶಕ್ಕೆ ಮರಳಿದಾಗ ಆಗುವ ನೋವಿನ ಬಗೆಗೆ ಒಂದು ಮಾತು. ನಾಜಿಗಳಿಂದ ತಪ್ಪಿಸಿಕೊಂಡು ಆಸ್ಟ್ರಿಯಾದಿಂದ ಅಮೆರಿಕಕ್ಕೆ ಹೋದ ಚಿಂತಕ ಆಲ್ಫ್ರೆಡ್ ಶೂಟ್ಸ್ 1944ರಲ್ಲಿ ಅಪರಿಚಿತನ ಕುರಿತೂ 1945ರಲ್ಲಿ ಮನೆಗೆ ಮರಳುವವನ ಕುರಿತೂ ಎರಡು ಪ್ರಬಂಧಗಳನ್ನು ಬರೆದರು. ಎರಡನೆಯದು ಯುದ್ಧದಿಂದ ಮರಳುವ ಸೈನಿಕರನ್ನು ಮುಂದಿಟ್ಟುಕೊಂಡು ಬರೆದದ್ದಾದರೂ ನಿಮಗೆ ಚೆನ್ನಾಗಿ ಅನ್ವಯಿಸುತ್ತದೆ. ಹೊಸ ನಾಡಿಗೆ ಹೋಗುವವನು ಅಲ್ಲಿ ಎಲ್ಲವೂ ಬೇರೆಯಾಗಿರುತ್ತದೆಂದು ಸಿದ್ಧನಾಗಿಯೇ ಹೋಗುತ್ತಾನೆ. ಮರಳುವವನು ಎಲ್ಲವೂ ಬಿಟ್ಟುಹೋದಂತೆಯೇ ಇರುತ್ತದೆಂದು ನಂಬಿ ಬರುತ್ತಾನೆ. ಆದರೆ ಅಷ್ಟರಲ್ಲಿ ಮನೆಯೂ ಬದಲಾಗಿರುತ್ತದೆ, ಅವನೂ ಬದಲಾಗಿರುತ್ತಾನೆ, ಅವನಿಲ್ಲದ ಕಾಲದ ನೆನಪುಗಳನ್ನು ಮನೆಯವರು ತಮ್ಮತಮ್ಮಲ್ಲೇ ಹಂಚಿಕೊಂಡಿರುತ್ತಾರೆ. ನಿಮ್ಮ ಉಚ್ಚಾರಣೆಯನ್ನು ಕೇಳಿ ಪ್ರಶ್ನಿಸಿದವರು ನಿಮ್ಮನ್ನು ದೂರ ಮಾಡಲೆಂದೇ ಹಾಗೆ ಕೇಳಿರಲಾರರು. ಅವರೊಂದಿಗೆ ನೀವು ಕಳೆಯದ ವರ್ಷಗಳು ನಿಮ್ಮ ಮಾತಿನಲ್ಲಿ ಅವರ ಕಿವಿಗೆ ಬಿದ್ದಿರುತ್ತವೆ.

ಹಾಗಾದರೆ ನೆಲೆ ಎಲ್ಲಿ? ಫ್ರಾನ್ಸಿನ ಚಿಂತಕಿ ಸಿಮೋನ್ ವೇ 1943ರಲ್ಲಿ, ತಮ್ಮ ಬದುಕಿನ ಕೊನೆಯ ವರ್ಷದಲ್ಲಿ, ದೇಶದಿಂದ ದೂರವಿದ್ದು ಬರೆಯುವಾಗ, ಬೇರೂರಿರುವುದು ಮನುಷ್ಯನ ಆತ್ಮದ ಅತಿ ಮುಖ್ಯವಾದ, ಆದರೆ ಅತಿ ಕಡಿಮೆ ಗುರುತಿಸಲ್ಪಟ್ಟ ಅಗತ್ಯವಾಗಿರಬಹುದು ಎಂದರು. ಹಿಂದಿನವರು ಉಳಿಸಿದ್ದನ್ನು ಕಾಪಾಡುತ್ತಾ ಮುಂದಿನದನ್ನು ನಿರೀಕ್ಷಿಸುತ್ತಾ ಬಾಳುವ ಒಂದು ಸಮುದಾಯದಲ್ಲಿ ನಿಜವಾಗಿ ಪಾಲ್ಗೊಳ್ಳುವುದರಿಂದ ಬೇರು ಇಳಿಯುತ್ತದೆ ಎಂಬುದು ಅವರ ವಿವರಣೆ. ಒಬ್ಬನಿಗೆ ಇಂಥ ಬೇರುಗಳು ಹಲವು ಇರಬೇಕೆಂದೂ ಅವರು ಹೇಳಿದ್ದಾರೆ. ಇಲ್ಲಿ ‘ಪಾಲ್ಗೊಳ್ಳುವುದು’ ಎಂಬ ಮಾತನ್ನು ನೀವು ಗಟ್ಟಿಯಾಗಿ ಹಿಡಿದುಕೊಳ್ಳಬೇಕೆಂದು ನನ್ನ ಆಸೆ. ಯಾವ ಜಾಗದ ಕೆಟ್ಟ ಸುದ್ದಿ ಕೇಳಿದಾಗ ನಿಮಗೆ ದುಃಖದ ಜೊತೆಗೆ ನಾಚಿಕೆಯೂ ಆಗುತ್ತದೆ, ಏನಾದರೂ ಮಾಡಬೇಕೆನಿಸುತ್ತದೆ ಎಂಬುದನ್ನು ಗಮನಿಸಿ. ಪರರ ತಪ್ಪಿಗೆ ನಮಗೆ ಕೋಪ ಬರುತ್ತದೆ. ನಾಚಿಕೆ ಆಗುವುದು ನಮ್ಮವರ ತಪ್ಪಿಗೆ ಮಾತ್ರ. ಅಂಥ ಜಾಗ ಎರಡಿದ್ದರೆ ನಿಮಗೆ ಎರಡು ನಾಡುಗಳಿವೆ. ‘ಮೂಲತಃ ಎಲ್ಲಿಯವರು?’ ಎಂದು ಕೇಳಿದವರಿಗೆ ಇಡೀ ಜೀವನಚರಿತ್ರೆಯನ್ನು ಒಪ್ಪಿಸುವ ಋಣ ನಿಮ್ಮ ಮೇಲಿಲ್ಲ. ಪ್ರೀತಿಯಿಂದ ಕೇಳಿದವರಿಗೆ ಪೂರ್ತಿ ಕಥೆ ಹೇಳಿ. ಪರೀಕ್ಷೆಗೆಂದು ಕೇಳಿದವರಿಗೆ ‘ಈಗ ಇಲ್ಲಿಯವನು’ ಎಂದರೆ ಸಾಕು.

ಪ್ರಶ್ನೆ: ರಾಷ್ಟ್ರಗಳು ಅನಾದಿ ಕಾಲದಿಂದ ಇವೆಯೆಂದು ನಂಬಿ ಬೆಳೆದವನು ನಾನು. ಈಗ ವಿದ್ವಾಂಸರು ರಾಷ್ಟ್ರವೆಂಬುದು ಇತ್ತೀಚಿನ ಶತಮಾನಗಳಲ್ಲಿ ಕಟ್ಟಿದ ಕಲ್ಪನೆ ಎನ್ನುತ್ತಾರೆ. ಕಲ್ಪನೆಯಾದರೆ ಅದು ಸುಳ್ಳಲ್ಲವೆ? ಸುಳ್ಳಿಗಾಗಿ ಜನ ಪ್ರಾಣ ಕೊಟ್ಟರೆ?

ಉತ್ತರ: ಕಟ್ಟಿದ್ದೆಲ್ಲ ಸುಳ್ಳಾಗುವುದಿಲ್ಲ. ಸೇತುವೆಯೂ ಕಟ್ಟಿದ್ದೇ, ಅದರ ಮೇಲೆ ನಡೆದು ಹೊಳೆ ದಾಟುತ್ತೇವೆ. ಆದರೆ ಕಟ್ಟಿದ್ದು ಎಂಬುದನ್ನು ಮೊದಲು ಪ್ರಾಮಾಣಿಕವಾಗಿ ಒಪ್ಪಿಕೊಳ್ಳಬೇಕು. ರಾಷ್ಟ್ರದ ಮಾದರಿಯೆಂದು ಎಲ್ಲರೂ ಹೆಸರಿಸುವ ಫ್ರಾನ್ಸನ್ನೇ ನೋಡಿ. ಕ್ರಾಂತಿಯ ನಂತರ 1794ರಲ್ಲಿ ಪಾದ್ರಿ ಹಾಗೂ ಜನಪ್ರತಿನಿಧಿ ಅಬ್ಬೆ ಗ್ರೆಗ್ವಾರ್ ಸಲ್ಲಿಸಿದ ವರದಿಯ ಪ್ರಕಾರ ಕನಿಷ್ಠ 60 ಲಕ್ಷ ಜನರಿಗೆ ಫ್ರೆಂಚ್ ಭಾಷೆಯೇ ತಿಳಿದಿರಲಿಲ್ಲ, ಇನ್ನೂ ಅಷ್ಟೇ ಜನ ಅದರಲ್ಲಿ ಸರಾಗವಾಗಿ ಮಾತು ಮುಂದುವರಿಸಲಾರದವರಾಗಿದ್ದರು, ಶುದ್ಧವಾಗಿ ಆಡಬಲ್ಲವರು 30 ಲಕ್ಷವನ್ನು ಮೀರುತ್ತಿರಲಿಲ್ಲ. ಇಟಲಿ 1861ರಲ್ಲಿ ಒಂದು ರಾಜ್ಯವಾಗಿ ಒಗ್ಗೂಡಿದಾಗ ಇಟಾಲಿಯನ್ ಭಾಷೆಯನ್ನು ಬಲ್ಲವರು ಒಬ್ಬ ಭಾಷಾತಜ್ಞರ ಅಂದಾಜಿನಲ್ಲಿ ಶೇಕಡ 2.5, ಇನ್ನೊಬ್ಬರ ಅಂದಾಜಿನಲ್ಲಿ ಶೇಕಡ 10ರಷ್ಟು ಮಾತ್ರ. ಶಾಲೆ, ಸೈನ್ಯ, ಪತ್ರಿಕೆ, ರೈಲು ಇವೆಲ್ಲ ಸೇರಿ ತಲೆಮಾರುಗಳ ಅವಧಿಯಲ್ಲಿ ಈ ಜನರನ್ನು ಒಂದು ರಾಷ್ಟ್ರದವರನ್ನಾಗಿ ಮಾಡಿದವು.

‘ಕಲ್ಪನೆ’ ಎಂಬ ಪದ ನಿಮಗೆ ನೋವುಂಟು ಮಾಡಿದೆ. ಅದನ್ನು 1983ರಲ್ಲಿ ಪ್ರಸಿದ್ಧಗೊಳಿಸಿದ ವಿದ್ವಾಂಸ ಬೆನೆಡಿಕ್ಟ್ ಆಂಡರ್ಸನ್ ಅವರು ಸುಳ್ಳು ಎಂಬ ಅರ್ಥದಲ್ಲಿ ಬಳಸಲಿಲ್ಲ. ಅತಿ ಚಿಕ್ಕ ರಾಷ್ಟ್ರದಲ್ಲಿಯೂ ಒಬ್ಬ ಪ್ರಜೆ ತನ್ನ ಸಹಪ್ರಜೆಗಳಲ್ಲಿ ಬಹುಪಾಲು ಜನರನ್ನು ಎಂದೂ ನೋಡುವುದಿಲ್ಲ, ಅವರ ಬಗ್ಗೆ ಎಂದೂ ಕೇಳುವುದೂ ಇಲ್ಲ, ಆದರೂ ಅವರೆಲ್ಲರೂ ತನ್ನವರೆಂಬ ಚಿತ್ರ ಅವನ ಮನಸ್ಸಿನಲ್ಲಿರುತ್ತದೆ. ಈ ಕಾರಣಕ್ಕೆ ರಾಷ್ಟ್ರವನ್ನು ಅವರು ಕಲ್ಪಿತ ಸಮುದಾಯ ಎಂದರು. ನೋಡದವರನ್ನು ನಮ್ಮವರೆಂದುಕೊಳ್ಳುವ ಶಕ್ತಿ ಮನುಷ್ಯನ ದೊಡ್ಡ ಶಕ್ತಿಗಳಲ್ಲಿ ಒಂದು ಎಂದು ನಾನು ಭಾವಿಸುತ್ತೇನೆ. ದೂರದ ಪ್ರಾಂತ್ಯದ ಬರಗಾಲಕ್ಕೆ ಇಲ್ಲಿಯವರು ತೆರಿಗೆ ಕಟ್ಟುವುದು ಆ ಶಕ್ತಿಯಿಂದಲೇ. ನೋಡದವರನ್ನು ಶತ್ರುಗಳೆಂದುಕೊಂಡು ಕೊಲ್ಲುವುದೂ ಅದೇ ಶಕ್ತಿಯಿಂದಲೇ ಆದ್ದರಿಂದ, ನಿಮ್ಮ ಪ್ರಶ್ನೆಯ ಕೊನೆಯ ಭಾಗವನ್ನು ನಾನು ತಳ್ಳಿಹಾಕಲಾರೆ.

ಇದರ ಬಗ್ಗೆ ಫ್ರೆಂಚ್ ಚಿಂತಕ ಎರ್ನೆಸ್ಟ್ ರೆನಾನ್ 1882ರ ಮಾರ್ಚ್ 11ರಂದು ಪ್ಯಾರಿಸ್ಸಿನ ಸೋರ್ಬಾನ್‌ನಲ್ಲಿ ಮಾಡಿದ ಉಪನ್ಯಾಸವನ್ನು ಇಂದಿಗೂ ಬಿಡುವಂತಿಲ್ಲ. ಅದಕ್ಕೆ ಹನ್ನೊಂದು ವರ್ಷಗಳ ಹಿಂದೆ ಯುದ್ಧದಲ್ಲಿ ಗೆದ್ದ ಜರ್ಮನಿ ಫ್ರಾನ್ಸಿನಿಂದ ಆಲ್ಸೇಸ್ ಪ್ರಾಂತ್ಯವನ್ನೂ ಲೊರೇನ್‌ನ ಒಂದು ಭಾಗವನ್ನೂ ಪಡೆದುಕೊಂಡಿತ್ತು. ಅಲ್ಲಿಯವರ ಭಾಷೆ ಮತ್ತು ಕುಲ ಜರ್ಮನ್ ಎಂಬುದು ಅದರ ಸಮರ್ಥನೆಯಾಗಿತ್ತು. ರಾಷ್ಟ್ರವನ್ನು ಕುಲವಾಗಲಿ ಭಾಷೆಯಾಗಲಿ ಧರ್ಮವಾಗಲಿ ಭೂಗೋಳವಾಗಲಿ ನಿರ್ಧರಿಸುವುದಿಲ್ಲ, ಒಟ್ಟಿಗೆ ಅನುಭವಿಸಿದ್ದರ ನೆನಪು ಮತ್ತು ಮುಂದೆಯೂ ಒಟ್ಟಿಗೆ ಬಾಳುವ ಸಮ್ಮತಿ ನಿರ್ಧರಿಸುತ್ತವೆ, ಆದ್ದರಿಂದ ರಾಷ್ಟ್ರವೆಂದರೆ ದಿನದಿನವೂ ನಡೆಯುವ ಜನಮತಗಣನೆ ಎಂದು ರೆನಾನ್ ವಾದಿಸಿದರು. ಈ ಮಾತನ್ನು ನಾನು ಪೂರ್ತಿ ಒಪ್ಪುತ್ತೇನೆ. ಅದೇ ಉಪನ್ಯಾಸದ ಇನ್ನೊಂದು ಮಾತನ್ನು, ಅಂದರೆ ರಾಷ್ಟ್ರ ನಿರ್ಮಾಣಕ್ಕೆ ಮರೆವೂ ಅಗತ್ಯವೆಂಬ ಮಾತನ್ನು, ಅರ್ಧ ಮಾತ್ರ ಒಪ್ಪುತ್ತೇನೆ. 1572ರಲ್ಲಿ ನಡೆದ ಪ್ರಾಟೆಸ್ಟೆಂಟರ ಹತ್ಯಾಕಾಂಡವನ್ನು ಪ್ರತಿಯೊಬ್ಬ ಫ್ರೆಂಚ್ ಪ್ರಜೆ ಮರೆತಿರಬೇಕು ಎಂದು ಅವರು ಉದಾಹರಣೆ ಕೊಟ್ಟರು. ಮೂರು ಶತಮಾನಗಳ ಹಿಂದಿನ ಗಾಯಕ್ಕೆ ಅದು ಸಲ್ಲಬಹುದು. ಗಾಯಗೊಂಡವರು ಇನ್ನೂ ಬದುಕಿರುವಾಗ, ಗಾಯ ಮಾಡಿದವರ ಕಡೆಯವರು ‘ಮರೆತುಬಿಡಿ’ ಎನ್ನುವ ಅಧಿಕಾರವನ್ನು ತಾವೇ ತೆಗೆದುಕೊಂಡರೆ, ಅಲ್ಲಿ ಒಟ್ಟಿಗೆ ಬಾಳುವ ಸಮ್ಮತಿ ಉಳಿಯುವುದಿಲ್ಲ. ದಿನದಿನವೂ ಸಮ್ಮತಿ ಕೇಳುವ ರಾಷ್ಟ್ರವು ಇಲ್ಲವೆನ್ನುವವರ ಧ್ವನಿಯನ್ನೂ ದಿನದಿನವೂ ಕೇಳಿಸಿಕೊಳ್ಳಬೇಕು.

ಪ್ರಶ್ನೆ: ಇಬ್ಬರು ಯಜಮಾನರ ಸೇವೆ ಸಾಧ್ಯವಿಲ್ಲ ಎನ್ನುತ್ತಾರೆ. ಎರಡು ದೇಶಗಳ ಪೌರತ್ವವಿರುವವರ ನಿಷ್ಠೆಯನ್ನು ನಂಬಬಹುದೆ?

ಉತ್ತರ: ನಿಮ್ಮ ಅನುಮಾನವನ್ನೇ 1849ರಲ್ಲಿ ಅಮೆರಿಕದ ರಾಜತಾಂತ್ರಿಕ ಜಾರ್ಜ್ ಬ್ಯಾಂಕ್ರಾಫ್ಟ್ ಅವರು, ಒಬ್ಬನಿಗೆ ಎರಡು ದೇಶಗಳಿರುವುದನ್ನು ಸಹಿಸುವುದು ಅವನಿಗೆ ಇಬ್ಬರು ಹೆಂಡಂದಿರಿರುವುದನ್ನು ಸಹಿಸಿದಂತೆ ಎಂಬ ಅರ್ಥದಲ್ಲಿ ವ್ಯಕ್ತಪಡಿಸಿದ್ದರು. 1930ರ ಹೇಗ್ ಒಪ್ಪಂದದ ಪೀಠಿಕೆಯೂ ಪ್ರತಿಯೊಬ್ಬರಿಗೂ ಒಂದು ರಾಷ್ಟ್ರೀಯತೆ ಇರಬೇಕು, ಒಂದೇ ಇರಬೇಕು ಎಂದಿತು. ಈ ನಿಯಮದ ಭಾರ ಬಿದ್ದದ್ದು ಹೆಚ್ಚಾಗಿ ಹೆಂಗಸರ ಮೇಲೆ ಎಂಬುದನ್ನು ನೀವು ಗಮನಿಸಬೇಕು. ಮನೆಯೊಂದಕ್ಕೆ ಒಂದೇ ನಿಷ್ಠೆ ಇರಬೇಕೆಂಬ ತರ್ಕದಿಂದ, ಪರದೇಶದವನನ್ನು ಮದುವೆಯಾದ ಹೆಣ್ಣು ತನ್ನ ದೇಶದ ಪೌರತ್ವವನ್ನು ಕಳೆದುಕೊಳ್ಳಬೇಕಿತ್ತು. ಅಮೆರಿಕದಲ್ಲಿ 1907ರ ಕಾನೂನು ಹಾಗೆಯೇ ವಿಧಿಸಿತ್ತು. 1922ರಿಂದ ಅದು ಸಡಿಲಗೊಂಡಿತು. ವಿವಾಹಿತ ಸ್ತ್ರೀಯರ ರಾಷ್ಟ್ರೀಯತೆಯನ್ನು ಗಂಡನ ರಾಷ್ಟ್ರೀಯತೆಯಿಂದ ಬಿಡಿಸುವ ವಿಶ್ವಸಂಸ್ಥೆಯ ಒಪ್ಪಂದ ಬಂದದ್ದು 1957ರಲ್ಲಿ. ಇಂದಿಗೂ ಸುಮಾರು ಎರಡು ಡಜನ್ ದೇಶಗಳಲ್ಲಿ ತಾಯಿಯು ತನ್ನ ಪೌರತ್ವವನ್ನು ಮಕ್ಕಳಿಗೆ ತಂದೆಯಷ್ಟೇ ಸಮಾನವಾಗಿ ಕೊಡಲಾರಳು. ಇನ್ನು ನಿಷ್ಠೆಯ ಮಾತು: ಒಂದೇ ಪೌರತ್ವವಿದ್ದು ದೇಶಕ್ಕೆ ದ್ರೋಹ ಬಗೆದವರೂ ಇತಿಹಾಸದಲ್ಲಿದ್ದಾರೆ. ತೆರಿಗೆ, ಸೈನಿಕ ಸೇವೆ, ಉನ್ನತ ಹುದ್ದೆ ಇವುಗಳ ವಿಷಯದಲ್ಲಿ ಎರಡು ದೇಶಗಳ ಬೇಡಿಕೆಗಳು ಘರ್ಷಿಸಬಹುದು. ಅದಕ್ಕೆ ಸ್ಪಷ್ಟವಾದ ನಿಯಮಗಳು ಬೇಕು. ಇಬ್ಬರು ಯಜಮಾನರ ಉಪಮೆಯನ್ನು ನಾನು ಒಪ್ಪಲಾರೆ, ಏಕೆಂದರೆ ಪ್ರಜೆ ತನ್ನ ದೇಶದ ಆಳಲ್ಲ.

ಪ್ರಶ್ನೆ: ಯಾವ ದೇಶಕ್ಕೂ ಸೇರದ ಮನುಷ್ಯ ಇರಲು ಸಾಧ್ಯವೆ? ಇದ್ದರೆ ಅವನ ಸ್ಥಿತಿ ಏನು?

ಉತ್ತರ: ಇದ್ದಾರೆ, ಲಕ್ಷಾಂತರ ಸಂಖ್ಯೆಯಲ್ಲಿ ಇದ್ದಾರೆ. ಯಾವ ದೇಶವೂ ತನ್ನ ಕಾನೂನಿನಂತೆ ತನ್ನ ಪ್ರಜೆಯೆಂದು ಪರಿಗಣಿಸದ ವ್ಯಕ್ತಿಯನ್ನು 1954ರ ವಿಶ್ವಸಂಸ್ಥೆಯ ಒಪ್ಪಂದವು ರಾಷ್ಟ್ರರಹಿತ ಎಂದು ವ್ಯಾಖ್ಯಾನಿಸುತ್ತದೆ. ಕೆಲವು ದೇಶಗಳು ಹುಟ್ಟಿದ ನೆಲವನ್ನು ನೋಡಿ ಪೌರತ್ವ ಕೊಡುತ್ತವೆ, ಕೆಲವು ತಂದೆತಾಯಿಯರ ಪೌರತ್ವವನ್ನು ನೋಡಿ ಕೊಡುತ್ತವೆ. ನೆಲದ ನಿಯಮವಿರುವ ದೇಶದವರಿಗೆ ವಂಶದ ನಿಯಮವಿರುವ ದೇಶದಲ್ಲಿ ಹುಟ್ಟಿದ ಮಗು, ಯಾರ ತಪ್ಪೂ ಇಲ್ಲದೆ, ಎರಡರ ನಡುವೆ ಜಾರಿ ಬೀಳಬಹುದು. ದೇಶಗಳು ಒಡೆದಾಗ, ಗಡಿಗಳು ಸರಿದಾಗ, ಆಳುವವರು ಒಂದು ಜನಾಂಗವನ್ನು ಹೊರಗಿಡಲು ನಿಶ್ಚಯಿಸಿದಾಗ ಸಾವಿರಾರು ಜನ ಒಟ್ಟಿಗೆ ಹೀಗಾಗುತ್ತಾರೆ. ಬರ್ಮಾದ (ಈಗಿನ ಮ್ಯಾನ್ಮಾರ್) 1982ರ ಪೌರತ್ವ ಕಾನೂನಿನ ನಂತರ ರೋಹಿಂಗ್ಯಾ ಜನರಿಗೆ ಆದದ್ದು ಇದೇ.

ರಾಷ್ಟ್ರರಹಿತನ ದಿನನಿತ್ಯದ ಸ್ಥಿತಿಯನ್ನು ಹೇಳಬೇಕೆಂದರೆ, ಶಾಲೆಗೆ ಸೇರಿಸುವುದು, ಕಾನೂನುಬದ್ಧ ಕೆಲಸ, ಮದುವೆಯ ನೋಂದಣಿ, ಪ್ರಯಾಣ ಎಲ್ಲವೂ ‘ದಾಖಲೆ ಎಲ್ಲಿ?’ ಎಂಬ ಪ್ರಶ್ನೆಯ ಮುಂದೆ ನಿಂತುಬಿಡುತ್ತವೆ. ಕನ್ನಡದಲ್ಲಿ ‘ಪರದೇಶಿ’ ಎಂಬ ಪದಕ್ಕೆ ಬೇರೆ ದೇಶದವನು ಎಂಬುದರ ಜೊತೆಗೆ ದಿಕ್ಕಿಲ್ಲದವನು ಎಂಬ ಅರ್ಥವೂ ಇದೆ. ನಮ್ಮ ಹಿರಿಯರು ಈ ಎರಡು ಅರ್ಥಗಳನ್ನು ಒಂದೇ ಪದದಲ್ಲಿ ಇಟ್ಟದ್ದರ ಹಿಂದೆ ದೊಡ್ಡ ತಿಳಿವಳಿಕೆ ಇದೆ.

ಜರ್ಮನಿಯನ್ನು 1933ರಲ್ಲಿ ತೊರೆದು, 1937ರಲ್ಲಿ ಅಲ್ಲಿಯ ಪೌರತ್ವವನ್ನು ಕಳೆದುಕೊಂಡು, ಹಲವು ವರ್ಷಗಳನ್ನು ರಾಷ್ಟ್ರರಹಿತರಾಗಿ ಕಳೆದ ಚಿಂತಕಿ ಹಾನ್ನಾ ಆರೆಂಟ್ ಇದನ್ನು ಸ್ವಂತ ಅನುಭವದಿಂದ ಬಲ್ಲವರು. ಮಾನವ ಹಕ್ಕುಗಳು ಮನುಷ್ಯನಾಗಿ ಹುಟ್ಟಿದವರಿಗೆಲ್ಲ ಇವೆಯೆಂದು ಹೇಳುತ್ತೇವೆ, ಆದರೆ ಒಬ್ಬನ ಬಳಿ ಮನುಷ್ಯತ್ವದ ಹೊರತು ಬೇರೇನೂ ಉಳಿಯದಿದ್ದಾಗಲೇ ಆ ಹಕ್ಕುಗಳನ್ನು ಎತ್ತಿಹಿಡಿಯಲು ಯಾರೂ ಇರುವುದಿಲ್ಲ ಎಂಬುದನ್ನು ಅವರು 1951ರಲ್ಲಿ ತೋರಿಸಿಕೊಟ್ಟರು. ಅದಕ್ಕೇ ಅವರು ‘ಹಕ್ಕುಗಳನ್ನು ಹೊಂದುವ ಹಕ್ಕು’ ಎಂಬ ಮಾತನ್ನು ಬಳಸಿದರು. 1948ರ ಮಾನವ ಹಕ್ಕುಗಳ ಸಾರ್ವತ್ರಿಕ ಘೋಷಣೆಯ 15ನೆಯ ವಿಧಿ ಪ್ರತಿಯೊಬ್ಬರಿಗೂ ರಾಷ್ಟ್ರೀಯತೆಯ ಹಕ್ಕಿದೆ ಎನ್ನುತ್ತದೆ. ಅದನ್ನು ಯಾವ ದೇಶ ಕೊಡಬೇಕೆಂದು ಮಾತ್ರ ಹೇಳುವುದಿಲ್ಲ.

ದಾರಿಯೇ ಇಲ್ಲವೆಂದು ತಿಳಿಯಬೇಡಿ. ಮೊದಲನೆಯ ಮಹಾಯುದ್ಧ ಮತ್ತು ರಷ್ಯಾದ ಕ್ರಾಂತಿಯ ನಂತರ ಲಕ್ಷಾಂತರ ರಷ್ಯನ್ನರು ಪೌರತ್ವ ಕಳೆದುಕೊಂಡಾಗ, ನಾರ್ವೆಯ ಧ್ರುವಪ್ರದೇಶದ ಅನ್ವೇಷಕ ಫ್ರಿಡ್ಜೋಫ್ ನಾನ್ಸೆನ್ ವಿಶ್ವಸಂಸ್ಥೆಗಿಂತ ಮುಂಚೆ ಇದ್ದ ರಾಷ್ಟ್ರಸಂಘದ ಪರವಾಗಿ 1922ರಲ್ಲಿ ಒಂದು ಪ್ರಯಾಣಪತ್ರವನ್ನು ರೂಪಿಸಿದರು. ‘ನಾನ್ಸೆನ್ ಪಾಸ್‌ಪೋರ್ಟ್’ ಎಂದು ಹೆಸರಾದ ಆ ಪತ್ರ ಸುಮಾರು ನಾಲ್ಕೂವರೆ ಲಕ್ಷ ಜನರಿಗೆ ದೊರಕಿತು. ಸಂಗೀತಕಾರ ಸ್ಟ್ರಾವಿನ್‌ಸ್ಕಿ ಅವರಲ್ಲಿ ಒಬ್ಬರು. ಅದು ಯಾರಿಗೂ ತಾಯ್ನಾಡನ್ನು ಕೊಡಲಿಲ್ಲ. ಗಡಿ ದಾಟಿ ಕೆಲಸ ಹುಡುಕಲು ಮತ್ತು ಅಗಲಿದವರನ್ನು ಸೇರಲು ಬೇಕಾದಷ್ಟನ್ನು ಕೊಟ್ಟಿತು. ಪೌರತ್ವದ ಮೊದಲ ಕೆಲಸ ರಕ್ಷಣೆ ಎಂಬುದು ಅದಿಲ್ಲದವರನ್ನು ನೋಡಿದಾಗ ತಿಳಿಯುತ್ತದೆ. ಇರುವವರು ಅದನ್ನು ಮನಸ್ಸಿನ ಭಾವನೆಗೆ ಸಂಬಂಧಿಸಿದ ವಿಷಯವೆಂದಷ್ಟೇ ಭಾವಿಸಿ ಚರ್ಚಿಸುವುದು ನನಗೆ ಸರಿಯೆನಿಸುವುದಿಲ್ಲ.

ಪ್ರಶ್ನೆ: ನಾವು ವಲಸೆ ಬಂದು ಹದಿನಾರು ವರ್ಷಗಳಾದವು. ಇಲ್ಲಿಯೇ ಹುಟ್ಟಿದ ಮಗಳಿಗೆ ನಮ್ಮ ದೇಶದ ಬಗ್ಗೆ ಯಾವ ಸೆಳೆತವೂ ಇಲ್ಲ. ‘ಅದು ನಿಮ್ಮ ದೇಶ, ನನ್ನದಲ್ಲ’ ಎಂದಳು. ಆ ರಾತ್ರಿ ನನಗೆ ನಿದ್ರೆ ಬರಲಿಲ್ಲ. ಎಲ್ಲಿ ತಪ್ಪಿದೆವು?

ಉತ್ತರ: ತಾಯಿ, ನೀವು ತಪ್ಪಿಲ್ಲ. ಮಗಳು ಹೇಳಿದ್ದು ಅವಳ ಮಟ್ಟಿಗೆ ನಿಜವಾದ ಮಾತು, ಅದನ್ನು ನಿಮ್ಮ ಮುಂದೆ ಧೈರ್ಯವಾಗಿ ಹೇಳಬಲ್ಲಳೆಂದರೆ ನಿಮ್ಮ ಮನೆಯಲ್ಲಿ ಅವಳಿಗೆ ಭಯವಿಲ್ಲವೆಂದು ಅರ್ಥ. ನಿಮಗೆ ಆ ದೇಶವೆಂದರೆ ಬಾಲ್ಯ, ಗೆಳತಿಯರು, ತೀರಿಹೋದ ಹಿರಿಯರ ಮುಖ. ಅವಳಿಗೆ ಅದು ನಿಮ್ಮ ಕಣ್ಣಿನಲ್ಲಿ ಆಗಾಗ ತುಂಬುವ ನೀರಿಗೆ ಕಾರಣವಾದ ಒಂದು ದೂರದ ಜಾಗ. ಅದನ್ನು ಪ್ರೀತಿಸುವುದು ಕರ್ತವ್ಯವೆಂದು ಹೇರಿದರೆ, ನಿಮ್ಮ ದುಃಖಕ್ಕೆ ತಾನೇ ಹೊಣೆಯೆಂಬ ಭಾರ ಅವಳ ಮೇಲೆ ಬೀಳುತ್ತದೆ. ನಿಮ್ಮ ಭಾಷೆಯನ್ನು ಮಾತ್ರ ಬಿಡಬೇಡಿ. ದೇಶದ ಋಣವೆಂದು ಕಲಿಸುವುದು ಬೇಡ. ನಿಮ್ಮ ಮನಸ್ಸಿನಲ್ಲಿರುವುದನ್ನು ಪೂರ್ತಿಯಾಗಿ ಹೇಳಿಕೊಳ್ಳಲು ನಿಮಗೆ ಇರುವುದು ಅದೊಂದೇ ಭಾಷೆ, ಅದು ತಿಳಿಯದಿದ್ದರೆ ಅವಳಿಗೆ ತಾಯಿಯ ಅರ್ಧ ಮಾತ್ರ ಸಿಗುತ್ತದೆ ಎಂಬ ಕಾರಣಕ್ಕೆ ಕಲಿಸಿ.

ಇನ್ನೊಂದನ್ನೂ ಕೇಳಿಕೊಳ್ಳಿ. ಹದಿನಾರು ವರ್ಷಗಳಾದ ಮೇಲೂ ನೀವು ‘ನಮ್ಮ ದೇಶ’ ಎಂದು ಬರೆದಿರುವುದು ಬಿಟ್ಟುಬಂದ ದೇಶವನ್ನು. ಮಗಳು ಹುಟ್ಟಿದ ದೇಶವನ್ನು ‘ಇಲ್ಲಿ’ ಎಂದಷ್ಟೇ ಬರೆದಿದ್ದೀರಿ. ಅವಳ ದೇಶಕ್ಕೆ ನಿಮ್ಮ ಮಾತಿನಲ್ಲಿ ಇನ್ನೂ ಹೆಸರಿಲ್ಲ. ಮುಂದಿನ ಸಲ ಅವಳು ಶಾಲೆಯಿಂದ ಬಂದಾಗ ಆ ದೇಶದ ಬಗ್ಗೆ ನಿಮಗೆ ತಿಳಿಯದ ಒಂದು ಸಂಗತಿಯನ್ನು ಅವಳಿಂದ ಕೇಳಿ ತಿಳಿಯಿರಿ. ಅವಳು ಹೇಳಿ ಮುಗಿಸಿದ ಮೇಲೆ, ಅವಳ ವಯಸ್ಸಿನಲ್ಲಿ ನೀವು ಏನು ಮಾಡುತ್ತಿದ್ದಿರಿ ಎಂಬುದನ್ನು ನಿಮ್ಮ ಭಾಷೆಯಲ್ಲಿ ಹೇಳಿ.